ಡಿಸೈನರ್ ಆಗಿ ಏಳು ವರ್ಷ ಆಯ್ತು, ಇನ್ನು ನನ್ನದೇ ಅನಿಮೇಶನ್ ಚಿತ್ರಕ್ಕೆ ನಿರ್ಮಾಪಕಿ ಆಗಲೇ?

ಪ್ರಶ್ನೆ: ನಾನು ಡೊಂಬಿವಲಿಯವಳು, ವಯಸ್ಸು 31. ಮುಂಬೈಯ ಜೆ.ಜೆ. ಕಲಾಶಾಲೆಯಲ್ಲಿ ಅಪ್ಲೈಡ್ ಆರ್ಟ್ ಮುಗಿಸಿ, ಏಳು ವರ್ಷದಿಂದ ಗೋರೆಗಾಂವ್‌ನ ಒಂದು ಅನಿಮೇಶನ್ ಸ್ಟುಡಿಯೊದಲ್ಲಿ ಕ್ಯಾರೆಕ್ಟರ್ ಡಿಸೈನರ್ ಆಗಿದ್ದೇನೆ. ನಮ್ಮ ಮೂಲ ಕುಂದಾಪುರದ ಕಡೆ, ಅಜ್ಜ ಮೇಳದಲ್ಲಿ ವೇಷಧಾರಿ. ಯಕ್ಷಗಾನದವರು ವೇಷ ಕಟ್ಟಿಕೊಳ್ಳುವ ಚೌಕಿಯಲ್ಲೇ ಬೆಳೆಯುವ ಒಬ್ಬಳು ಹುಡುಗಿಯ ಪಾತ್ರವನ್ನು ರಾತ್ರಿ ಮನೆಯಲ್ಲಿ ಕೂತು ಬಿಡಿಸಿಟ್ಟಿದ್ದೇನೆ. ಕೆಲವು ಸಲ ಆಫೀಸಿನ ಟ್ಯಾಬ್ಲೆಟ್‌ನಲ್ಲೂ ಬಿಡಿಸಿದ್ದುಂಟು. ಹನ್ನೆರಡು ನಿಮಿಷದ ಚಿತ್ರ ಮಾಡುವ ಆಸೆ. ಪರಿಚಯದ ಹೋಟೆಲ್ ಮಾಲೀಕರೊಬ್ಬರು ‘ದುಡ್ಡು ನಾನು ಹಾಕ್ತೇನೆ, ಹಕ್ಕೆಲ್ಲ ನನ್ನ ಹೆಸರಿಗಿರಲಿ’ ಅಂದಿದ್ದಾರೆ. ಅವರ ಹಂಗೇ ಬೇಡ, ನನ್ನ ನಿವೃತ್ತಿ ದುಡ್ಡು ತಗೋ ಎನ್ನುತ್ತಾರೆ ಅಪ್ಪ. ಅಮ್ಮನಿಗೆ ಎರಡೂ ಬೇಡ. ‘ಮಹಾವತಾರ್ ನರಸಿಂಹ’ ಬಂದ ಮೇಲೆ ಅನಿಮೇಶನ್‌ನಲ್ಲಿ ದುಡ್ಡೋ ದುಡ್ಡು ಎಂದು ನೆಂಟರು, ಎಐ ಬಂದು ನಿಮ್ಮ ಕೆಲಸವೇ ಇರಲ್ಲ ಎಂದು ಜೊತೆಯವರು. ಕೆಲಸ ಬಿಟ್ಟು ನಿರ್ಮಾಪಕಿ ಆಗಲೇ? ನನ್ನ ಪಾತ್ರದ ಮೇಲೆ ಸ್ಟುಡಿಯೊ ಹಕ್ಕು ಹೇಳಬಹುದೇ?

ಉತ್ತರ: ಮೊದಲೇ ಹೇಳಿಬಿಡುತ್ತೇನೆ. ಸದ್ಯಕ್ಕೆ ಕೆಲಸ ಬಿಡಬೇಡಿ, ಅಪ್ಪನ ದುಡ್ಡು ಮುಟ್ಟಬೇಡಿ, ಹೋಟೆಲ್ ಮಾಲೀಕರಿಗೆ ಇನ್ನೂ ಹೂಂ ಅನ್ನಬೇಡಿ. ಚಿತ್ರ ಮಾಡಬೇಡಿ ಅಂತ ಮಾತ್ರ ಹೇಳುವುದಿಲ್ಲ. ಚೌಕಿಯ ಹುಡುಗಿಯ ಕತೆ ಕೇಳಿದರೆ ನನಗೂ ನೋಡಬೇಕು ಅನಿಸುತ್ತದೆ. ಆದರೆ ಡಿಸೈನರ್‌ಗೆ ಬಡ್ತಿ ಸಿಕ್ಕಿದರೆ ನಿರ್ಮಾಪಕ ಆಗುತ್ತಾರೆ ಎಂಬ ಲೆಕ್ಕದಲ್ಲಿ ನಿಮ್ಮ ಪತ್ರ ಇದೆ. ಅವು ಬೇರೆ ಬೇರೆ ಕಸುಬು. ಒಳ್ಳೆಯ ಕೈಯಿದ್ದ ಎಷ್ಟೋ ಹುಡುಗರು ಹುಡುಗಿಯರು ಆ ಕಸುಬಿನ ಪರಿಚಯವೇ ಇಲ್ಲದೆ ಅದಕ್ಕೆ ಇಳಿದು, ಆಮೇಲೆ ಸಾಲ ತೀರಿಸಲು ವರ್ಷಗಟ್ಟಲೆ ಬೇರೆಯವರ ಜಾಹೀರಾತು ಮಾಡಿಕೊಂಡಿದ್ದನ್ನು ಅಂಧೇರಿ, ಗೋರೆಗಾಂವ್‌ಗಳಲ್ಲಿ ನಾನು ಹತ್ತಿರದಿಂದ ಕಂಡಿದ್ದೇನೆ.

ನೆಂಟರ ಮಾತನ್ನು ಮೊದಲು ಮುಗಿಸೋಣ. 2025ರ ಜುಲೈನಲ್ಲಿ ಬಂದ ‘ಮಹಾವತಾರ್ ನರಸಿಂಹ’ ದೊಡ್ಡ ಗೆಲುವೇ, ಅನುಮಾನವಿಲ್ಲ. ಅದರ ಹಿಂದೆ ವರ್ಷಗಳ ಕೆಲಸ ಇತ್ತು, ಮನೆಮನೆಗೆ ಗೊತ್ತಿರುವ ಪುರಾಣ ಇತ್ತು, ಬಿಡುಗಡೆಯ ಹೊತ್ತಿಗೆ ಹೊಂಬಾಳೆಯಂಥ ಬ್ಯಾನರಿನ ಬಲ ಇತ್ತು. 2008ರಲ್ಲಿ ‘ರೋಡ್‌ಸೈಡ್ ರೋಮಿಯೋ’ ಬಂದಾಗ ಯಶ್ ರಾಜ್ ಮತ್ತು ಡಿಸ್ನಿ ಎರಡೂ ಸೇರಿದ್ದವು, ಆದರೂ ಚಿತ್ರ ನಿಲ್ಲಲಿಲ್ಲ. ಪುಣೆಯ ಕ್ರೇಯಾನ್ ಪಿಕ್ಚರ್ಸ್ ಮಾಡಿದ ‘ದೆಲ್ಲಿ ಸಫಾರಿ’ಗೆ 2012ರ ಅತ್ಯುತ್ತಮ ಅನಿಮೇಶನ್ ಚಿತ್ರದ ರಾಷ್ಟ್ರಪ್ರಶಸ್ತಿ ಬಂತು, ಥಿಯೇಟರಿನಲ್ಲಿ ಜನ ಬರಲಿಲ್ಲ. ಗೆದ್ದ ಒಂದನ್ನು ಮುಂದಿಟ್ಟುಕೊಂಡು ಕ್ಷೇತ್ರದ ಜಾತಕ ಬರೆಯುವುದಕ್ಕೆ ಆಗುವುದಿಲ್ಲ. ಮೇಲಾಗಿ ನಿಮ್ಮದು ಹನ್ನೆರಡು ನಿಮಿಷದ ಚಿತ್ರ. ಕಿರುಚಿತ್ರಕ್ಕೆ ಟಿಕೆಟ್ ಮಾರಾಟವೇ ಇಲ್ಲ. ಅದು ಹೆಸರು ತಂದುಕೊಡಬಹುದು, ಮುಂದಿನ ಕೆಲಸ ತಂದುಕೊಡಬಹುದು. ಹಾಕಿದ ದುಡ್ಡು ಅದರಿಂದಲೇ ವಾಪಸ್ ಬರುತ್ತದೆ ಎಂದು ಯಾರಾದರೂ ಹೇಳಿದರೆ ನಂಬಬೇಡಿ. ಅಪ್ಪನಿಗೂ ಇದನ್ನೇ ಹೇಳಿ, ಅಮ್ಮನ ಎದುರಿಗೇ ಹೇಳಿ.

ಈಗ ನಿರ್ಮಾಪಕರ ಕೆಲಸ ಏನೆಂದು ನಿಮ್ಮದೇ ಪಾತ್ರವನ್ನಿಟ್ಟುಕೊಂಡು ನೋಡೋಣ.

ಯಕ್ಷಗಾನದ ನಿಮ್ಮ ಕಡೆಯ ಶೈಲಿಯಾದ ಬಡಗುತಿಟ್ಟಿನ ವೇಷ ಅಂದಮೇಲೆ ಕಸೆ ಸೀರೆಯ ಚೌಕುಳಿ ಬೇಕೇ ಬೇಕು, ಇಲ್ಲದಿದ್ದರೆ ಕುಂದಾಪುರದವರು ಒಪ್ಪುವುದಿಲ್ಲ. ಡಿಸೈನರ್ ಆಗಿ ನೀವು ಅದನ್ನು ಪ್ರೀತಿಯಿಂದ ಬಿಡಿಸಿರುತ್ತೀರಿ. ಹುಡುಗಿ ಒಂದು ಸುತ್ತು ತಿರುಗಿದಳು ಎನ್ನಿ. ಕೈಯಲ್ಲೇ ಬಿಡಿಸುವ ಅನಿಮೇಶನ್ ಆದರೆ ಪ್ರತಿ ಚಿತ್ರದಲ್ಲೂ ಒಂದೊಂದು ಚೌಕವೂ ನೆರಿಗೆಯ ಜೊತೆ ಬಾಗಬೇಕು, ಮಡಿಕೆಯೊಳಗೆ ಹೋಗಬೇಕು, ಮತ್ತೆ ಹೊರಬರಬೇಕು. ಗೆರೆ ಒಂದಿಷ್ಟು ಆಚೀಚೆ ಆದರೂ ಪರದೆಯ ಮೇಲೆ ಬಟ್ಟೆಗೆ ಇರುವೆ ಮುತ್ತಿದ ಹಾಗೆ ಕಾಣುತ್ತದೆ. ಬಿಡಿ ಭಾಗಗಳನ್ನು ಜೋಡಿಸಿ ಬೊಂಬೆಯಂತೆ ಆಡಿಸುವ ಕಟ್‌ಔಟ್ ರಿಗ್‌ನಲ್ಲಿ ಮಾಡಿದರೆ ಚೌಕುಳಿ ಬಟ್ಟೆಗೆ ಅಂಟಿಕೊಂಡೇ ಇರುತ್ತದೆ, ಖರ್ಚು ಕಡಿಮೆ, ಆದರೆ ನೆರಿಗೆ ಬೀಳುವುದಿಲ್ಲ, ಸೀರೆ ಬಿಗಿದು ನಿಂತುಬಿಡುತ್ತದೆ. ಥ್ರೀಡಿಯಲ್ಲಿ ಸಿಮ್ಯುಲೇಶನ್ ಹಾಕಿದರೆ ಬಟ್ಟೆ ತಾನಾಗಿ ಬಾಗುತ್ತದೆ. ಆಗ ದುಡ್ಡು ರೆಂಡರಿಂಗಿಗೆ (ಕಂಪ್ಯೂಟರ್ ಒಂದೊಂದು ಫ್ರೇಮನ್ನೂ ಅಂತಿಮ ಚಿತ್ರವಾಗಿ ತೆಗೆಯುವುದಕ್ಕೆ), ಸಿಮ್ಯುಲೇಶನ್ ಕೆಟ್ಟಾಗ ಸರಿಪಡಿಸುವವರ ಸಂಬಳಕ್ಕೆ ಹೋಗುತ್ತದೆ. ಚೌಕುಳಿ ಬೇಕೋ ಬೇಡವೋ ಎಂದು ಡಿಸೈನರ್ ಜಗಳ ಆಡುತ್ತಾರೆ. ನಿರ್ಮಾಪಕರು ಕತೆಯನ್ನು ಕೈಗೆತ್ತಿಕೊಂಡು, ಹುಡುಗಿ ವೇಷ ಕಟ್ಟುವುದು ಎಷ್ಟು ಹೊತ್ತು ಎಂದು ಕೇಳುತ್ತಾರೆ. ಚೌಕಿಯಲ್ಲಿ ಗೆಜ್ಜೆ ಎತ್ತಿಕೊಡುವ, ಬಣ್ಣ ಕಲಸುವ ಹುಡುಗಿ ಸಾದಾ ಲಂಗದಲ್ಲಿರಬಹುದು. ಕೊನೆಯ ನಲವತ್ತು ಸೆಕೆಂಡು ಮಾತ್ರ ಅವಳಿಗೆ ಕಸೆ ಸೀರೆ ಕಟ್ಟಿಸಿ, ಉಳಿತಾಯದ ದುಡ್ಡನ್ನೆಲ್ಲ ಆ ನಲವತ್ತು ಸೆಕೆಂಡಿಗೆ ಸುರಿದರೆ ಚಿತ್ರವೂ ಗೆಲ್ಲುತ್ತದೆ, ಬಜೆಟ್ಟೂ ಉಳಿಯುತ್ತದೆ. ಈ ಬುದ್ಧಿ ನಿಮಗಿದೆಯೇ? ಇರಬಹುದು. ಆದರೆ ಇದು ಡ್ರಾಯಿಂಗ್ ಟೇಬಲ್‌ನಲ್ಲಿ ಬರುವುದಿಲ್ಲ, ಶೆಡ್ಯೂಲ್ ಶೀಟ್ ಎದುರು ಕೂತರೆ ಬರುತ್ತದೆ.

ಲೆಕ್ಕವನ್ನೂ ಹಾಕೋಣ. ಸೆಕೆಂಡಿಗೆ 24 ಫ್ರೇಮಿನಂತೆ ಹನ್ನೆರಡು ನಿಮಿಷಕ್ಕೆ 17,280 ಫ್ರೇಮು. ಒಂದೊಂದು ಚಿತ್ರವನ್ನು ಎರಡೆರಡು ಫ್ರೇಮಿಗೆ ಹಿಡಿದರೂ 8,640 ಚಿತ್ರ. ಪಾತ್ರ ಪೂರ್ತಿ ಆಡುವ ದೃಶ್ಯದಲ್ಲಿ ಒಳ್ಳೆಯ ಅನಿಮೇಟರ್ ವಾರಕ್ಕೆ ಐದಾರು ಸೆಕೆಂಡು ಮುಗಿಸಿದರೆ ಹೆಚ್ಚು. ಒಬ್ಬರೇ ಕೂತರೆ 720 ಸೆಕೆಂಡಿಗೆ ಎರಡು ವರ್ಷ ದಾಟುತ್ತದೆ. ಇದರಲ್ಲಿ ಸ್ಟೋರಿಬೋರ್ಡ್ ಬಂದಿಲ್ಲ, ಬ್ಯಾಕ್‌ಗ್ರೌಂಡ್ ಬಂದಿಲ್ಲ, ಕಚ್ಚಾ ಗೆರೆ ತಿದ್ದುವ ಕ್ಲೀನಪ್ ಬಂದಿಲ್ಲ, ಭಾಗವತರು, ಚಂಡೆ, ಮದ್ದಳೆಯವರನ್ನು ಸ್ಟುಡಿಯೊಗೆ ಕರೆಸಿ ಹಾಡು ರೆಕಾರ್ಡ್ ಮಾಡುವ ಖರ್ಚು ಬಂದಿಲ್ಲ. ನಿಮ್ಮ ಅಪ್ಪನ ದುಡ್ಡು ಎಷ್ಟಿದೆಯೋ ನನಗೆ ಗೊತ್ತಿಲ್ಲ. ಈ ಲೆಕ್ಕ ಯಾವ ನಿವೃತ್ತಿ ದುಡ್ಡನ್ನೂ ನುಂಗುತ್ತದೆ. ಅರ್ಧಕ್ಕೆ ನಿಂತ ಅನಿಮೇಶನ್ ಚಿತ್ರಕ್ಕೆ ಬೆಲೆಯೂ ಇಲ್ಲ. ಅರ್ಧ ಕಟ್ಟಿದ ಮನೆಯನ್ನಾದರೂ ಮಾರಬಹುದು.

ಇಷ್ಟಾಗಿಯೂ ಡಿಸೈನರ್‌ಗಳು ನಿರ್ಮಾಪಕರಾದದ್ದು ಇಲ್ಲೇ, ಇದೇ ಮುಂಬೈಯಲ್ಲಿ. ನಮ್ಮ ಅನಿಮೇಶನ್‌ನ ಹಿರಿಯರಾದ ರಾಮ್ ಮೋಹನ್ ಅವರ ಹೆಸರು ಜೆ.ಜೆ.ಯವರಿಗೆ ಹೇಳಿಕೊಡಬೇಕಾಗಿಲ್ಲ. 1956ರಲ್ಲಿ ಕೇಂದ್ರ ಸರ್ಕಾರದ ಫಿಲ್ಮ್ಸ್ ಡಿವಿಷನ್‌ನ ಕಾರ್ಟೂನ್ ವಿಭಾಗ ಸೇರಿದರು. ಆಗ ಡಿಸ್ನಿಯ ಕ್ಲೇರ್ ವೀಕ್ಸ್ ಬಂದು ಅಲ್ಲಿನವರಿಗೆ ಕಲಿಸುತ್ತಿದ್ದ ಕಾಲ. ಸರ್ಕಾರಿ ಸಂಬಳದಲ್ಲಿ ವರ್ಷಗಟ್ಟಲೆ ಕೈ ಪಳಗಿಸಿ, ಆಮೇಲೆ ಪ್ರಸಾದ್ ಪ್ರೊಡಕ್ಷನ್ಸ್‌ನ ಅನಿಮೇಶನ್ ವಿಭಾಗ ನಡೆಸಿ, ಸ್ವಂತ ಘಟಕ ಕಟ್ಟಿದ್ದು 1972ರಲ್ಲಿ. ನಡುವೆ ಹದಿನಾರು ವರ್ಷ. ಆಗಲೂ ಮನೆ ನಡೆದದ್ದು ಜಾಹೀರಾತು, ಸಿನಿಮಾ ಟೈಟಲ್‌ಗಳಂಥ ಕೆಲಸದಿಂದ. ಜಪಾನಿನ ಯುಗೊ ಸಾಕೊ ಅವರ ಜೊತೆ ಸೇರಿ ಮಾಡಿದ ರಾಮಾಯಣದ ಚಿತ್ರ ಬಂದದ್ದು 1990ರ ದಶಕದಲ್ಲಿ. ನಿಮಗೆ ಹದಿನಾರು ವರ್ಷ ಕಾಯಿರಿ ಅನ್ನುವುದಿಲ್ಲ, ಈಗ ಸಲಕರಣೆ ಅಗ್ಗ, ಬ್ಲೆಂಡರ್‌ನಂಥ ತಂತ್ರಾಂಶ ಪುಕ್ಕಟೆ. ಆದರೆ ಬೇರೆಯವರ ದುಡ್ಡಿನಲ್ಲಿ ನಿರ್ಮಾಣ ಕಲಿತು ಆಮೇಲೆ ತನ್ನದನ್ನು ಮಾಡುವ ಕ್ರಮ ಇನ್ನೂ ಬದಲಾಗಿಲ್ಲ.

ರಾಮ್ ಮೋಹನ್ ಅವರೇ ರೂಪಿಸಿದ ‘ಮೀನಾ’ ನೆನಪಿದೆಯೇ? ಯುನಿಸೆಫ್‌ಗಾಗಿ ಮಾಡಿದ ಪಾತ್ರ. ಭಾರತ, ಬಾಂಗ್ಲಾದೇಶ, ನೇಪಾಳ, ಪಾಕಿಸ್ತಾನ ಎಲ್ಲ ಕಡೆ ಈ ಹುಡುಗಿ ನಮ್ಮವಳೇ ಅನ್ನಿಸಬೇಕಿತ್ತು, ಹಾಗಾಗಿ ಊರೂರಿನ ಜನರಿಗೆ ಚಿತ್ರ ತೋರಿಸಿ, ಅವರು ಹೇಳಿದ್ದನ್ನು ಕೇಳಿ ಮುಖ, ಉಡುಪು ತಿದ್ದಿದರು. ಡಿಸೈನರ್ ಆಗಿ ಅವರ ಹೆಸರು ಇತಿಹಾಸದಲ್ಲಿ ಉಳಿಯಿತು. ಪಾತ್ರ ಮಾತ್ರ ಯುನಿಸೆಫ್‌ನದು. ಅದರಲ್ಲಿ ಅನ್ಯಾಯವೇನೂ ಇಲ್ಲ, ಒಪ್ಪಂದವೇ ಹಾಗೆ. ಬಿಡಿಸಿದವರು ಮತ್ತು ಹಕ್ಕುದಾರರು ಒಬ್ಬರೇ ಆಗಿರಬೇಕಿಲ್ಲ. ನಿಮ್ಮ ಪತ್ರದಲ್ಲಿ ನನ್ನನ್ನು ಹೆಚ್ಚು ಯೋಚನೆಗೆ ಹಚ್ಚಿದ್ದು ಇದೇ ಭಾಗ.

ಸ್ಟುಡಿಯೊ ಹಕ್ಕು ಕೇಳಬಹುದೇ? 1957ರ ಕೃತಿಸ್ವಾಮ್ಯ ಕಾಯ್ದೆಯ 17ನೇ ಕಲಮು ಹೇಳುವುದಿಷ್ಟು: ನೌಕರಿಯ ಭಾಗವಾಗಿ ಮಾಡಿದ ಕೃತಿಗೆ, ಬೇರೆ ಒಪ್ಪಂದ ಇಲ್ಲದಿದ್ದರೆ, ಮೊದಲ ಹಕ್ಕುದಾರ ನೌಕರಿ ಕೊಟ್ಟವರು. ರಾತ್ರಿ ಮನೆಯಲ್ಲಿ, ಆಫೀಸಿನ ಯಾವ ಪ್ರಾಜೆಕ್ಟಿಗೂ ಸಂಬಂಧವಿಲ್ಲದೆ ಬಿಡಿಸಿದ್ದು ಸಾಮಾನ್ಯವಾಗಿ ಇದರೊಳಗೆ ಬರುವುದಿಲ್ಲ. ಅಪಾಯ ಇರುವುದು ನಿಮ್ಮ ನೇಮಕಾತಿ ಪತ್ರದಲ್ಲಿ. ‘ನೌಕರಿಯಲ್ಲಿರುವಾಗ ಸೃಷ್ಟಿಸಿದ್ದೆಲ್ಲ ಕಂಪನಿಗೆ ಸೇರಿದ್ದು’ ಎಂಬ ಒಂದು ಸಾಲನ್ನು ಬಹಳಷ್ಟು ಸ್ಟುಡಿಯೊಗಳು ತುರುಕಿರುತ್ತವೆ. ಕೆಲಸಕ್ಕೆ ಸೇರುವ ಖುಷಿಯಲ್ಲಿ ಯಾರೂ ಓದಿರುವುದಿಲ್ಲ. ಇವತ್ತೇ ಆ ಪತ್ರ ಹುಡುಕಿ ತೆಗೆಯಿರಿ. ಆಫೀಸಿನ ಟ್ಯಾಬ್ಲೆಟ್ ಬಳಸಿದ ಮಾತ್ರಕ್ಕೆ ಹಕ್ಕು ಹೋಗಿಬಿಡುವುದಿಲ್ಲ, ಆದರೆ ತಕರಾರು ಎದ್ದ ದಿನ ಎದುರು ಪಕ್ಷದ ವಕೀಲರ ಕೈಗೆ ಅದೇ ಮೊದಲು ಸಿಗುತ್ತದೆ. ಇನ್ನು ಮುಂದೆ ಆಫೀಸಿನ ಟ್ಯಾಬ್ಲೆಟ್, ಆಫೀಸಿನ ಸಾಫ್ಟ್‌ವೇರ್ ಲೈಸೆನ್ಸ್, ಆಫೀಸಿನ ಮೇಲ್ ಯಾವುದೂ ಬೇಡ. ಹಳೆಯ ಸ್ಕೆಚ್‌ಬುಕ್ ಎಸೆಯಬೇಡಿ, ಕಚ್ಚಾ ಗೆರೆಗಳೇ ನಿಮ್ಮ ಸಾಕ್ಷಿ. ಕೃತಿಸ್ವಾಮ್ಯ ಹುಟ್ಟುವುದಕ್ಕೆ ನೋಂದಣಿ ಕಡ್ಡಾಯವಲ್ಲ. ಮಾಡಿಸಿಟ್ಟರೆ ಕೋರ್ಟಿನಲ್ಲಿ ಅನುಕೂಲ. ಹಾಗೆಯೇ ‘ಚೌಕಿಯಲ್ಲಿ ಬೆಳೆಯುವ ಹುಡುಗಿ’ ಎಂಬ ಯೋಚನೆಗೆ ರಕ್ಷಣೆ ಇಲ್ಲ, ನೀವು ಬಿಡಿಸಿದ ಹುಡುಗಿಗೆ, ಬರೆದ ಚಿತ್ರಕತೆಗೆ ಇದೆ. ಆದ್ದರಿಂದ ಬಾಯಲ್ಲಿ ಕತೆ ಹೇಳಿಕೊಂಡು ತಿರುಗುವ ಬದಲು ಬರೆದಿಡಿ.

ಇನ್ನು ಹೋಟೆಲ್ ಮಾಲೀಕರು. ಅವರ ಬಗ್ಗೆ ಕೆಟ್ಟ ಯೋಚನೆ ಬೇಡ. ಹೋಟೆಲ್ ಧಂದೆಯಲ್ಲಿ ದುಡ್ಡು ಹಾಕಿದವರ ಹೆಸರಿಗೆ ಲೈಸೆನ್ಸ್ ಇರುತ್ತದೆ, ಅದೇ ಅಭ್ಯಾಸದಲ್ಲಿ ಕೇಳಿದ್ದಾರೆ. ಸಿನಿಮಾದಲ್ಲಿ ಅದರ ಪರಿಣಾಮ ಬೇರೆ. ನಮ್ಮ ಕಾಯ್ದೆಯ ಪ್ರಕಾರ ಚಲನಚಿತ್ರದ ಕರ್ತೃ ನಿರ್ಮಾಪಕರು, ನಿರ್ದೇಶಕರಲ್ಲ. ನಿರ್ಮಾಪಕರು ಅಂದರೆ ಚಿತ್ರ ಮಾಡುವ ಉಪಕ್ರಮ ಮತ್ತು ಹೊಣೆ ಹೊತ್ತವರು. ಬರೀ ದುಡ್ಡು ಕೊಟ್ಟವರು ಹೂಡಿಕೆದಾರರು. ಅವರನ್ನು ಕಾಗದದಲ್ಲಿ ನಿರ್ಮಾಪಕರು ಎಂದು ಬರೆದು, ಮೇಲಿಂದ ಹಕ್ಕೆಲ್ಲ ಬರೆದುಕೊಟ್ಟರೆ, ನಾಳೆ ಅದೇ ಹುಡುಗಿಯನ್ನಿಟ್ಟು ಬೇರೆಯವರು ಸೀರಿಯಲ್ ಮಾಡಿದಾಗ ನೀವು ಟಿವಿಯಲ್ಲಿ ನೋಡಬೇಕಾದೀತು. 57ನೇ ಕಲಮಿನಂತೆ ಕೃತಿ ತನ್ನದೆಂದು ಹೇಳಿಕೊಳ್ಳುವ ಹಕ್ಕು ನಿಮ್ಮಲ್ಲೇ ಉಳಿಯುತ್ತದೆ, ಆದರೆ ಅದರಿಂದ ಹೊಟ್ಟೆ ತುಂಬುವುದಿಲ್ಲ.

ಅವರ ಹತ್ತಿರ ಹೀಗೆ ಮಾತಾಡಿ. ಪಾತ್ರದ ಚಿತ್ರಗಳ ಹಕ್ಕು ಬೇರೆ, ಆ ಪಾತ್ರ ಇರುವ ಈ ಒಂದು ಚಿತ್ರದ ಹಕ್ಕು ಬೇರೆ. ಪಾತ್ರ ನನ್ನದಾಗಿಯೇ ಇರಲಿ, ಈ ಚಿತ್ರಕ್ಕೆ ಮಾತ್ರ ಬಳಸಲು ಅನುಮತಿ ಕೊಡುತ್ತೇನೆ. ಚಿತ್ರದಿಂದ ಏನೇ ಬಂದರೂ ಮೊದಲು ನಿಮ್ಮ ದುಡ್ಡು ತೀರಲಿ, ಆಮೇಲೆ ಇಂತಿಷ್ಟು ಪಾಲು. ಹೀಗೆ ಹೇಳಿದರೆ ವ್ಯವಹಾರ ಬಲ್ಲವರಿಗೆ ಅರ್ಥವಾಗುತ್ತದೆ. ಯಾವ ಹಕ್ಕು, ಎಷ್ಟು ವರ್ಷಕ್ಕೆ, ಯಾವ ದೇಶಗಳಿಗೆ ಎಂದು ಬರೆಯದೆ ಸಹಿ ಹಾಕಬೇಡಿ. 19ನೇ ಕಲಮಿನ ಪ್ರಕಾರ ಹಕ್ಕು ವರ್ಗಾವಣೆ ಲಿಖಿತವಾಗಿಯೇ ಇರಬೇಕು. ಅವಧಿ ಬರೆಯದಿದ್ದರೆ ಐದು ವರ್ಷ, ಪ್ರದೇಶ ಬರೆಯದಿದ್ದರೆ ಭಾರತ ಮಾತ್ರ ಎಂದು ಹಿಡಿಯುತ್ತಾರೆ. ಬರೆಸಿಕೊಂಡವರು ಒಂದು ವರ್ಷದೊಳಗೆ ಆ ಹಕ್ಕನ್ನು ಬಳಸದಿದ್ದರೆ, ಕರಾರಿನಲ್ಲಿ ಬೇರೆ ಹೇಳದ ಹೊರತು, ಅದು ನಿಮಗೆ ವಾಪಸ್. ಇಂಗ್ಲಿಷ್ ಕರಾರುಗಳಲ್ಲಿ ಈ ರಕ್ಷಣೆಗಳನ್ನೆಲ್ಲ ಒಂದೇ ವಾಕ್ಯದಲ್ಲಿ ತೆಗೆದುಹಾಕಿರುತ್ತಾರೆ. ಕೃತಿಸ್ವಾಮ್ಯ ಗೊತ್ತಿರುವ ವಕೀಲರಿಗೆ ಒಮ್ಮೆ ಫೀಸು ಕೊಟ್ಟು ಓದಿಸಿ. ಜಾಗದ ಕಾಗದ ನೋಡುವ ಮನೆಯ ವಕೀಲರು ಸಾಲುವುದಿಲ್ಲ. ಹೋಟೆಲ್ ಮಾಲೀಕರು ಪಾತ್ರದ ಹಕ್ಕೇ ಬೇಕು ಎಂದು ಹಟ ಹಿಡಿದರೆ ನಮಸ್ಕಾರ ಹೇಳಿ, ಕಾಫಿ ಕುಡಿದು ಬನ್ನಿ. ಪರಿಚಯ ಕೆಡಿಸಿಕೊಳ್ಳಬೇಡಿ.

ಹಾಗಾದರೆ ಮಾಡುವುದೇನು? ನಾನಾಗಿದ್ದರೆ ನಿಮ್ಮದೇ ಸ್ಟುಡಿಯೊದಲ್ಲಿ ಪ್ರೊಡಕ್ಷನ್ ಕಡೆಗೆ ಸರಿಯುವ ದಾರಿ ಹುಡುಕುತ್ತಿದ್ದೆ. ಒಂದು ಸೀರೀಸ್‌ನ ಡಿಸೈನ್ ವಿಭಾಗಕ್ಕೆ ಪ್ರೊಡಕ್ಷನ್ ಕೋಆರ್ಡಿನೇಟರ್ ಆಗಿ, ಆಮೇಲೆ ದಿನದಿನದ ಖರ್ಚು, ಶೆಡ್ಯೂಲ್ ನೋಡುವ ಲೈನ್ ಪ್ರೊಡ್ಯೂಸರ್ ಕೈಕೆಳಗೆ. ಸಂಬಳ ಏರದಿರಬಹುದು, ಚಿತ್ರ ಬಿಡಿಸುವುದು ಕಡಿಮೆಯಾಗುತ್ತದೆ, ಅದು ನಿಮಗೆ ನೋವು ಕೊಡುತ್ತದೆ. ಆರು ತಿಂಗಳಲ್ಲೇ ಈ ಕೆಲಸ ಸಾಕಪ್ಪಾ ಅನ್ನಿಸಿದರೆ ಅದೂ ಲಾಭವೇ, ಸ್ವಂತ ದುಡ್ಡು ಹೋಗದೆ ಗೊತ್ತಾಯಿತು. ಎಷ್ಟು ರಿಟೇಕ್ ಬಂದರೆ ಬಜೆಟ್ ಮುರಿಯುತ್ತದೆ, ಚಾನೆಲ್‌ನವರು ಪಾತ್ರದ ರೂಪ ನಿಗದಿ ಮಾಡುವ ಮಾಡೆಲ್ ಶೀಟ್‌ಗೆ ಒಪ್ಪಿಗೆ ಕೊಟ್ಟ ಮೇಲೂ ಕೂದಲಿನ ಬಣ್ಣ ಬದಲಿಸಿ ಎಂದರೆ ಆ ಖರ್ಚು ಯಾರ ತಲೆಗೆ, ಇವೆಲ್ಲ ಅಲ್ಲಿ ಕೂತರೆ ಮಾತ್ರ ಕಲಿಯಲು ಸಿಗುತ್ತದೆ.

ಫ್ರೀಲಾನ್ಸ್ ದಾರಿಯೂ ಇದೆ. ದಿನಾ ಡೊಂಬಿವಲಿಯಿಂದ ದಾದರ್, ದಾದರ್‌ನಿಂದ ಗೋರೆಗಾಂವ್ ಲೋಕಲ್‌ನಲ್ಲಿ ನುಜ್ಜುಗುಜ್ಜಾಗುವುದು ತಪ್ಪಿ, ಚಿತ್ರಕ್ಕೆ ಸಮಯ ಸಿಗುತ್ತದೆ ಎಂದು ಎಲ್ಲರೂ ಅಂದುಕೊಳ್ಳುತ್ತಾರೆ. ನಿಜದಲ್ಲಿ ಆ ಸಮಯವೆಲ್ಲ ಪೇಮೆಂಟ್ ಕೇಳುವ ಫೋನಿಗೆ ಹೋಗುತ್ತದೆ. ಬಿಲ್ಲಿನಲ್ಲಿ ಸಾಮಾನ್ಯವಾಗಿ ಶೇ 10ರಷ್ಟು ಟಿಡಿಎಸ್ ಮುರಿದುಕೊಂಡು ಉಳಿದದ್ದನ್ನು ಎರಡು ಮೂರು ತಿಂಗಳಿಗೆ ಕೊಡುವವರು ಬಹಳ. ವರ್ಷದ ವಹಿವಾಟು 20 ಲಕ್ಷ ದಾಟಿದರೆ ಜಿಎಸ್‌ಟಿ ಬರುತ್ತದೆ, ಗಿರಾಕಿ ದುಡ್ಡು ಕೊಡುವ ಮೊದಲೇ ಆ ತೆರಿಗೆ ನಿಮ್ಮ ಕೈಯಿಂದ ಕಟ್ಟಬೇಕಾಗಬಹುದು. ಈ ದಾರಿ ಹಿಡಿದರೆ ಮೊದಲ ದಿನವೇ ಸಣ್ಣ ಉದ್ಯಮಗಳಿಗೆ ಸರ್ಕಾರ ಕೊಡುವ ಉದ್ಯಮ್ ನೋಂದಣಿ ಮಾಡಿಸಿ. ಸಣ್ಣ ಉದ್ಯಮಕ್ಕೆ 45 ದಿನದೊಳಗೆ ಪಾವತಿ ಮಾಡಬೇಕೆಂಬ ಕಾನೂನನ್ನು ನೆನಪಿಸಲಾದರೂ ಆಗುತ್ತದೆ. ನಾಲ್ಕು ಜನರನ್ನಿಟ್ಟುಕೊಂಡು ಸ್ವಂತ ಸ್ಟುಡಿಯೊ ತೆರೆಯುವ ಯೋಚನೆ ಇದ್ದರೆ, ಅದು ಇನ್ನೂ ಕಷ್ಟ: ಸಂಬಳ ಕೊಡಲು ತಂದ ಸರ್ವಿಸ್ ಕೆಲಸ ನಿಮ್ಮ ಚಿತ್ರವನ್ನು ಮೂಲೆಗೆ ತಳ್ಳುತ್ತದೆ.

ನೌಕರಿ ಇಟ್ಟುಕೊಂಡೇ ಈಗ ಶುರು ಮಾಡಬಹುದಾದದ್ದು ಚಿತ್ರಪುಸ್ತಕ. ಟಿವಿಯ ಮೋಟು ಪತ್ಲು 2012ರಲ್ಲಿ ನಿಕೆಲೋಡಿಯನ್‌ಗೆ ಬರುವ ಎಷ್ಟೋ ಮೊದಲೇ ಹಿಂದಿಯ ‘ಲೋಟ್‌ಪೋಟ್’ ಪತ್ರಿಕೆಯ ಕಾಮಿಕ್ಸ್ ಆಗಿತ್ತು. ಅಚ್ಚಾದ ಪಾತ್ರಕ್ಕೆ ದಿನಾಂಕ ಇರುತ್ತದೆ, ಹೆಸರು ಇರುತ್ತದೆ, ಓದುವ ಮಕ್ಕಳ ಮುಖ ನೋಡಿದರೆ ಕತೆ ಎಲ್ಲಿ ಎಳೆಯುತ್ತದೆ ಎಂದೂ ತಿಳಿಯುತ್ತದೆ. ಕನ್ನಡದಲ್ಲೇ ತನ್ನಿ. ಮಾಟುಂಗಾ, ಡೊಂಬಿವಲಿ, ಪುಣೆಯ ಕನ್ನಡ ಸಂಘಗಳಲ್ಲಿ ಮಕ್ಕಳಿಗೆ ಓದಿ ಹೇಳಿ. ಕನ್ನಡ ಬಾರದ ಮುಂಬೈ ಮಕ್ಕಳಿಗೆ ಚೌಕಿ ಅಂದರೇನು ಎಂದು ಎಲ್ಲಿ ಬಿಡಿಸಿ ಹೇಳಬೇಕಾಗುತ್ತದೋ, ಚಿತ್ರಕತೆಯಲ್ಲೂ ಅಲ್ಲೇ ಕೆಲಸ ಬಾಕಿ ಇರುತ್ತದೆ. ಅದರ ಜೊತೆ, ಆ ನಲವತ್ತು ಸೆಕೆಂಡಿನ ವೇಷದ ದೃಶ್ಯವನ್ನು ಮಾತ್ರ ಪೂರ್ತಿ ಅನಿಮೇಟ್ ಮಾಡಿ, ಉಳಿದದ್ದನ್ನು ಅನಿಮ್ಯಾಟಿಕ್‌ನಲ್ಲಿ, ಅಂದರೆ ಸ್ಥಿರ ಚಿತ್ರಗಳಿಗೆ ಧ್ವನಿ ಜೋಡಿಸಿದ ರೂಪದಲ್ಲಿ, ಬಿಡಿ. ಹೋಟೆಲ್ ಮಾಲೀಕರ ದುಡ್ಡು ಸರಿಯಾದ ಕರಾರಿನಲ್ಲಿ ಬಂದರೆ ಅದನ್ನು ಇದಕ್ಕೆ ಹಾಕಿಸಿ. ಅವರಿಗೂ ಅಪಾಯ ಚಿಕ್ಕದು. ಕೈಯಲ್ಲಿ ಇಷ್ಟಿದ್ದರೆ ನವೆಂಬರ್‌ನಲ್ಲಿ ಗೋವಾದಲ್ಲಿ ಇಫಿ ಚಿತ್ರೋತ್ಸವದ ಜೊತೆ ನಡೆಯುವ ಫಿಲ್ಮ್ ಬಜಾರ್ (ಈಗ ವೇವ್ಸ್ ಫಿಲ್ಮ್ ಬಜಾರ್) ಎಂಬ ಸಿನಿಮಾ ಮಾರುಕಟ್ಟೆಯಲ್ಲಿ ನಾಲ್ಕು ಜನ ಕೂತು ಮಾತಾಡುತ್ತಾರೆ. ಮುಂಬೈಯಲ್ಲೇ ಎರಡು ವರ್ಷಕ್ಕೊಮ್ಮೆ ನಡೆಯುವ ಮಿಫ್ 1990ರಿಂದ ಸಾಕ್ಷ್ಯಚಿತ್ರ, ಕಿರುಚಿತ್ರ, ಅನಿಮೇಶನ್‌ಗೆಂದೇ ಇರುವ ಉತ್ಸವ. ಚಿತ್ರ ಮುಗಿದ ಮೇಲೆ ಅಲ್ಲಿಗೆ. ಅನಿಮೇಟರ್ ಗೀತಾಂಜಲಿ ರಾವ್ ಅವರ ಕಿರುಚಿತ್ರ 2006ರಲ್ಲಿ ಕಾನ್ ಚಿತ್ರೋತ್ಸವಕ್ಕೆ ಹೋಗಿತ್ತು, ಕೈಯಲ್ಲೇ ಬಣ್ಣ ಹಚ್ಚಿದ ಅವರ ಪೂರ್ಣ ಚಿತ್ರ ‘ಬಾಂಬೆ ರೋಸ್’ ವೆನಿಸ್‌ನಲ್ಲಿ ಕಂಡದ್ದು 2019ರಲ್ಲಿ. ನಿರ್ಮಾಣದ ಹೊರೆಯನ್ನು ಅವರೊಬ್ಬರೇ ಹೊತ್ತಿರಲಿಲ್ಲ, ಬೇರೆ ನಿರ್ಮಾಪಕರಿದ್ದರು. ನಿಮಗೂ ಬೇಕಾಗಿರುವುದು ನಂಬಿಕಸ್ಥ ನಿರ್ಮಾಪಕರೊಬ್ಬರು ಇರಬಹುದು, ನೀವೇ ನಿರ್ಮಾಪಕಿ ಆಗಲೇಬೇಕು ಎಂದೇನೂ ಇಲ್ಲ.

ಎಐ ವಿಷಯಕ್ಕೆ ಹೆಚ್ಚು ಹೇಳುವುದಿಲ್ಲ. ಹೊಡೆತ ಬೀಳುತ್ತಿದೆ, ಸುಳ್ಳಲ್ಲ. ಇನ್‌ಬಿಟ್ವೀನ್ (ಎರಡು ಮುಖ್ಯ ಭಂಗಿಗಳ ನಡುವಿನ ಚಿತ್ರ), ಕ್ಲೀನಪ್, ಒಂದೇ ಸಾಮಾನಿನ ಇಪ್ಪತ್ತು ನಮೂನೆ ಮಾಡುವಂಥ ಕೆಲಸಗಳಿಗೆ ಮೊದಲು, ಅಂದರೆ ಈಗಷ್ಟೇ ಸೇರುವ ಹುಡುಗರ ಹೊಟ್ಟೆಗೆ. ಏಳು ವರ್ಷ ಪಳಗಿದ ಡಿಸೈನರ್‌ಗೆ ಅಷ್ಟು ಬೇಗ ಅಲ್ಲ. ತಲೆಯ ವೇಷವಾದ ಕೇದಗೆ ಮುಂದಲೆ ಕಟ್ಟುವಾಗ ಯಾವ ಪಟ್ಟಿ ಮೊದಲು, ಯಾವುದು ಆಮೇಲೆ ಎಂಬುದನ್ನು ಯಂತ್ರ ಅಂದಾಜಿನಲ್ಲಿ ಬಿಡಿಸುತ್ತದೆ, ನೋಡಲು ಚೆನ್ನಾಗಿಯೇ ಇರುತ್ತದೆ. ಮೇಳದವರು ನೋಡಿ ನಗುತ್ತಾರೆ. ನಿಮ್ಮ ಮೂಲ ಪಾತ್ರದ ಗೆರೆಗಳಿಗೆ ಮಾತ್ರ ಎಐ ಮುಟ್ಟಿಸಬೇಡಿ. ಯಂತ್ರ ಬಿಡಿಸಿದ್ದರ ಹಕ್ಕು ಯಾರದೆಂಬುದು ನಮ್ಮಲ್ಲಿ ಇನ್ನೂ ಇತ್ಯರ್ಥವಾಗದ ಮಾತು, ಎಐ ಬಳಸಿದ್ದೀರಾ ಎಂದು ಕರಾರಿನಲ್ಲೇ ಕೇಳುವ ಗಿರಾಕಿಗಳೂ ಬಂದಿದ್ದಾರೆ.

ಸ್ಟುಡಿಯೊಗೆ ಹೇಳಬೇಕೋ ಬೇಡವೋ ಎಂಬುದನ್ನು ನೀವು ಕೇಳಿಲ್ಲ, ಆದರೆ ಅದು ಮುಂದಿನ ಹೆಜ್ಜೆ. ನೇಮಕಾತಿ ಪತ್ರವನ್ನು ವಕೀಲರಿಗೆ ತೋರಿಸುವ ತನಕ ಬೇಡ. ಅದರಲ್ಲಿ ‘ಸೃಷ್ಟಿಸಿದ್ದೆಲ್ಲ ಕಂಪನಿಗೆ’ ಎಂಬ ಆ ಸಾಲು ಇಲ್ಲದಿದ್ದರೆ ಹೇಳಲೇಬೇಕೆಂಬ ಒತ್ತಾಯವಿಲ್ಲ. ಹೊರಗಿನ ಕೆಲಸಕ್ಕೆ ಅನುಮತಿ ಬೇಕು ಎಂದು ಬೇರೆ ಕಡೆ ಬರೆದಿದೆಯೇ ಎಂದಷ್ಟೇ ನೋಡಿಸಿ. ಸಾಲು ಇದ್ದರೆ, ಪುಸ್ತಕ ಅಚ್ಚಿಗೆ ಹೋಗುವ ಮೊದಲು ಎಚ್‌ಆರ್‌ಗೆ ಒಂದು ಪುಟದ ಪತ್ರ ಬರೆದು, ಇಂಥ ಹೆಸರಿನ ಈ ಪಾತ್ರ ನನ್ನ ಸ್ವಂತದ್ದು, ಕಂಪನಿಯ ಯಾವ ಕೆಲಸಕ್ಕೂ ಸೇರಿದ್ದಲ್ಲ ಎಂದು ತಿಳಿಸಿ, ಒಪ್ಪಿಗೆಯನ್ನು ಬರಹದಲ್ಲೇ ತೆಗೆದುಕೊಳ್ಳಿ. ಟ್ಯಾಬ್ಲೆಟ್‌ನಲ್ಲಿ ಬಿಡಿಸಿದ್ದನ್ನು ಮುಚ್ಚಿಡಬೇಡಿ, ಆ ಚಿತ್ರಗಳು ಯಾವುವು ಎಂದು ಅದೇ ಪತ್ರದಲ್ಲಿ ಸೇರಿಸಿ. ಬಾಸ್ ಒಳ್ಳೆಯವರು, ಬಾಯಲ್ಲಿ ಹೇಳಿದ್ದೇನೆ ಎಂದರೆ ಸಾಲದು. ಬಾಸ್ ಬದಲಾಗುತ್ತಾರೆ, ಸ್ಟುಡಿಯೊಗಳು ಮಾರಾಟವಾಗುತ್ತವೆ. ಒಪ್ಪಿಗೆ ಕೊಡದಿದ್ದರೆ, ಕೆಲಸ ಬಿಡುವ ಮಾತನ್ನು ಆಗ ಎತ್ತಿ.